ನಾ ಊರಾಗ ಇರಲಿಲ್ರೀ

ನಮ್ಮ ಬೈಲಹೊಂಗಲ ಕಡೆ ಜೂನ್ ತಿಂಗಳಲ್ಲಿ ಬಸ್ ಸ್ಟ್ಯಾಂಡಿನಲ್ಲಿ ಯಾರೇ ಇಬ್ಬರು ಸಿಕ್ಕರೂ ಮೊದಲ ಮಾತು ಒಂದೇ: "ನಿಮ್ಮ ಕಡೆ ಮಳಿ ಆತೇನ್ರೀ?" ಈ ಪ್ರಶ್ನೆಗೆ ಉತ್ತರ ಮೂರು. "ಆತ್ರೀ, ಛಲೋ ಆತು" ಅನ್ನೋದು ಒಂದು. "ಎಲ್ಲಿ ಮಳೀರೀ, ಒಂದ ಹನಿ ಬಿದ್ದಿಲ್ಲ" ಅನ್ನೋದು ಎರಡು. ಮೂರನೆಯದು, "ನಾ ಊರಾಗ ಇರಲಿಲ್ರೀ, ಗೊತ್ತಿಲ್ಲ."

ಮೂರನೇ ಉತ್ತರ ಕೊಟ್ಟವನನ್ನು ಯಾರೂ ದಡ್ಡ ಅನ್ನುವುದಿಲ್ಲ. "ಹೌದಾ" ಅಂತ ಹೇಳಿ ಪಕ್ಕದವನನ್ನು ಕೇಳ್ತಾರೆ, ಇಲ್ಲಾ ಊರಿಗೆ ಫೋನ್ ಹಚ್ಚುತ್ತಾರೆ. ಆದರೆ ಊರಲ್ಲೇ ಇಲ್ಲದ ಮನುಷ್ಯ "ಮಳಿ ಆಗಿಲ್ಲ" ಅಂತ ಹೇಳಿಬಿಟ್ಟ ಅಂದುಕೊಳ್ಳಿ. ಅದನ್ನು ನಂಬಿದವನು ಬಿತ್ತನೆ ಎರಡು ದಿನ ಮುಂದಕ್ಕೆ ಹಾಕಿದ, ಹಸಿ ಆರಿಹೋಯಿತು. ಆಗ ನಾವು ಏನಂತೀವಿ? "ಪಾಪ, ಅವನಿಗೆ ಗೊತ್ತಿರಲಿಲ್ಲ" ಅನ್ನುವುದಿಲ್ಲ. "ಗೊತ್ತಿಲ್ಲದ ಮೇಲೆ ಸುಮ್ಮನಿರಬೇಕಿತ್ತು, ಸುಳ್ಳು ಹೇಳಿದ" ಅಂತೀವಿ.

ಇದೇ ಕೆಲಸವನ್ನು ಒಂದು ಪ್ರೋಗ್ರಾಮ್ ಮಾಡಿದರೆ ಅದನ್ನೂ ಸುಳ್ಳು ಅನ್ನಬಹುದಾ? ಅನ್ನಬಹುದಾದರೆ, ಆ ಸುಳ್ಳು ಯಾರದು? ಇವತ್ತು ನಾನು ಕೇಳಬೇಕು ಅಂದುಕೊಂಡಿರೋದು ಇಷ್ಟೇ.

ನನ್ನ ಹೊಟ್ಟೆಪಾಡು ಇದೇ ಆಗಿರೋದರಿಂದ ಈ ಪ್ರಶ್ನೆ ಬಿಡ್ತಾ ಇಲ್ಲ. ಡೆಸ್ಕ್‌ಟಾಪ್ ಕಂಪ್ಯೂಟರಿಗೆ ಸೆನ್ಸರುಗಳನ್ನು, ರೇಡಿಯೊ ರಿಸೀವರುಗಳನ್ನು ಜೋಡಿಸುವ ಸಾಫ್ಟ್‌ವೇರ್ ಲೈಬ್ರರಿಗಳ ಜೊತೆ ಹತ್ತು ವರ್ಷದಿಂದ ಒದ್ದಾಡ್ತಾ ಇದ್ದೀನಿ. ಈ ಸಾಲಿನಲ್ಲಿ ಇಲ್ಲದವರಿಗೆ ಒಂದು ಮಾತು: ಲೈಬ್ರರಿ ಅಂದರೆ ಬೇರೆ ಯಾರೋ ಬರೆದು, ಎಲ್ಲರೂ ಬಳಸಲಿ ಅಂತ ಇಟ್ಟಿರುವ ಕೋಡಿನ ಕಟ್ಟು. ಸೆನ್ಸರಿನ ಭಾಷೆ ಬೇರೆ, ಕಂಪ್ಯೂಟರಿನ ಭಾಷೆ ಬೇರೆ. ನಡುವೆ ನಿಂತು ಮಾತು ದಾಟಿಸುವ ದುಭಾಷಿಯೇ ಲೈಬ್ರರಿ.

ಒಂದು ಮಳೆ ಹನಿ ಪರದೆ ತಲುಪುವ ದಾರಿ ನೋಡೋಣ. ಮಳೆ ಮಾಪಕದ ಒಳಗೆ ತಕ್ಕಡಿಯ ಹಾಗೆ ಎರಡು ಪುಟ್ಟ ಬಟ್ಟಲು ಇರುತ್ತವೆ. ಮೇಲಿನಿಂದ ಇಳಿದ ನೀರು ಒಂದು ಬಟ್ಟಲನ್ನು ತುಂಬಿದ ಕೂಡಲೇ ಅದು ವಾಲಿ ನೀರು ಚೆಲ್ಲುತ್ತದೆ, ಇನ್ನೊಂದು ಬಟ್ಟಲು ಮೇಲೆ ಬಂದು ನಿಲ್ಲುತ್ತದೆ. 17ನೇ ಶತಮಾನದಲ್ಲಿ ಲಂಡನ್ನಿನ ಕ್ರಿಸ್ಟೋಫರ್ ರೆನ್ ತಲೆಯಲ್ಲಿ ಹುಟ್ಟಿದ ಉಪಾಯ ಇದು, ಇವತ್ತಿಗೂ ಅದೇ ನಡೀತಿದೆ. ಪ್ರತಿ ಸಲ ಬಟ್ಟಲು ವಾಲಿದಾಗ ಒಂದು ಸ್ವಿಚ್ 'ಟಕ್' ಅನ್ನುತ್ತೆ. ಒಂದು ಟಕ್ ಅಂದರೆ 0.2 ಮಿಲಿಮೀಟರ್ ಮಳೆ ಅಂತ ಇಟ್ಟುಕೊಳ್ಳಿ. ಒಂದು ಚಿಪ್ ಈ ಟಕ್‌ಗಳನ್ನು ಎಣಿಸಿ, ಎಣಿಕೆಯನ್ನು ರೇಡಿಯೊದಲ್ಲಿ ಕಳಿಸುತ್ತೆ. ಎಲ್ಲೋ ಒಂದು ಕಂಪ್ಯೂಟರಿನ ಯುಎಸ್‌ಬಿಗೆ ಸಿಕ್ಕಿಸಿದ ರಿಸೀವರ್ ಅದನ್ನು ಹಿಡಿಯುತ್ತೆ. ಅಲ್ಲಿಂದ ಮುಂದೆ ಲೈಬ್ರರಿಗಳ ರಾಜ್ಯ.

ನಮ್ಮ ಹೊಲದ ಪಂಪಿನ ಕೋಣೆಯ ಮೇಲೆ ಇಂಥದ್ದೊಂದು ಮಾಪಕ ಇದೆ. ಒಂದು ಪುಟ್ಟ ಸೋಲಾರ್ ಫಲಕ, ಒಂದು ಬ್ಯಾಟರಿ, ಒಂದು ಲೋರಾ ರೇಡಿಯೊ. ನಮ್ಮ ದೇಶದಲ್ಲಿ ಕಡಿಮೆ ಶಕ್ತಿಯ ಸಾಧನಗಳಿಗೆ ಲೈಸೆನ್ಸ್ ಬೇಡದ 865–868 ಮೆಗಾಹರ್ಟ್ಸ್ ಪಟ್ಟಿಯಲ್ಲಿ ಅದು ಹದಿನೈದು ನಿಮಿಷಕ್ಕೊಮ್ಮೆ ಮಾತಾಡುತ್ತೆ. ಊರಿನ ಮನೆಯಲ್ಲಿ ಹಳೇ ಡೆಸ್ಕ್‌ಟಾಪ್ ಕೇಳಿಸಿಕೊಳ್ಳುತ್ತೆ. ಬೆಂಗಳೂರಿನಲ್ಲಿ ಕೂತು ನಾನು ನೋಡ್ತೀನಿ. ವಾರಾಂತ್ಯದ ಹುಚ್ಚು ಅಂತ ಬೇಕಾದರೆ ಅನ್ನಿ. ಆದರೆ ಆಫೀಸಿನಲ್ಲಿ ಕಲಿಯದ ಪಾಠ ಈ ಹುಚ್ಚಿನಿಂದ ಸಿಕ್ಕಿದೆ.

ಆ ಪಾಠ ಏನೆಂದರೆ, ರೇಡಿಯೊದ ಮಟ್ಟಿಗೆ ಮೌನವೇ ಸಹಜ ಸ್ಥಿತಿ. ಊರಲ್ಲಿ ಡಂಗುರ ಸಾರುವುದನ್ನು ನೆನಪಿಸಿಕೊಳ್ಳಿ. ಸಾರುವವನು ಓಣಿ ಓಣಿಗೂ ಹೋಗಿ ಸಾರುತ್ತಾನೆ, ಯಾರಿಗೆ ಕೇಳಿಸಿತು ಯಾರಿಗಿಲ್ಲ ಅಂತ ತಿರುಗಿ ನೋಡುವುದಿಲ್ಲ. ನಮ್ಮ ಮನೆಯಲ್ಲಿ ಡಂಗುರ ಕೇಳಿಸಲಿಲ್ಲ ಅಂದರೆ ಅದಕ್ಕೆ ಎರಡು ಅರ್ಥ ಇರಬಹುದು. ಸುದ್ದಿಯೇ ಇರಲಿಲ್ಲ, ಅಥವಾ ಸುದ್ದಿ ಇತ್ತು, ನಮ್ಮ ಓಣಿಗೆ ಬರಲಿಲ್ಲ. ಮೌನವನ್ನು ಎಷ್ಟೇ ಕಿವಿಗೊಟ್ಟು ಕೇಳಿದರೂ ಈ ಎರಡರಲ್ಲಿ ಯಾವುದು ಅಂತ ತಿಳಿಯುವುದಿಲ್ಲ.

ಲೈಬ್ರರಿ ಬರೆದವರಿಗೆ ಇದು ಗೊತ್ತಿಲ್ಲದ ವಿಷಯ ಅಲ್ಲ. ಒಬ್ಬೊಬ್ಬರು ಒಂದೊಂದು ರೀತಿಯಲ್ಲಿ ಉತ್ತರ ಹುಡುಕಿದ್ದಾರೆ. ಪೈಥಾನ್‌ನಲ್ಲಿ ಸೀರಿಯಲ್ ಪೋರ್ಟಿನ ಜೊತೆ ಮಾತಾಡಲು ಎಲ್ಲರೂ ಬಳಸುವುದು ಪೈಸೀರಿಯಲ್. ಅದಕ್ಕೆ ನಾವು ಮೊದಲು ಹೇಳಬೇಕು: ಎಷ್ಟು ಹೊತ್ತು ಕಾಯಲಿ? ಏನೂ ಹೇಳದಿದ್ದರೆ ಅದು ಕಲ್ಲಿನ ಬಸವನ ಹಾಗೆ ಕೂತೇ ಇರುತ್ತೆ. ಎರಡು ಸೆಕೆಂಡ್ ಅಂದರೆ ಎರಡು ಸೆಕೆಂಡ್ ಕಾದು, ಏನೂ ಬರದಿದ್ದರೆ ಬರಿಗೈ ತೋರಿಸುತ್ತೆ. ಸೊನ್ನೆ ಕೊಡಲ್ಲ, ಖಾಲಿ ಕೊಡುತ್ತೆ. ಡಿಎಸ್18ಬಿ20 ಅನ್ನೋ ತಾಪಮಾನದ ಸೆನ್ಸರ್ ಇದೆ, ನೂರಿನ್ನೂರು ರೂಪಾಯಿಗೆ ಸಿಗುತ್ತೆ. ಕರೆಂಟ್ ಕೊಟ್ಟ ಕೂಡಲೇ, ಇನ್ನೂ ಅಳೆಯುವ ಮೊದಲೇ ಓದಿದರೆ ಅದು 85 ಡಿಗ್ರಿ ಅನ್ನುತ್ತೆ. ಅದರ ತಂತಿ ಕಿತ್ತುಹೋಗಿದ್ದರೆ ಹೆಚ್ಚಿನವರು ಬಳಸುವ ಲೈಬ್ರರಿ ಮೈನಸ್ 127 ಅನ್ನುತ್ತೆ. ಬೈಲಹೊಂಗಲದಲ್ಲಿ ಮೈನಸ್ 127 ಡಿಗ್ರಿ ಚಳಿ ಯಾವ ಕಾಲಕ್ಕೂ ಬೀಳಲ್ಲ. ನೋಡಿದ ಕೂಡಲೇ ಏನೋ ಕೆಟ್ಟಿದೆ ಅಂತ ಗೊತ್ತಾಗಲಿ ಅಂತಲೇ ಆ ಸಂಖ್ಯೆ. 85 ಹಾಗಲ್ಲ, ಬಾಯ್ಲರ್ ಪಕ್ಕ ಇಟ್ಟ ಸೆನ್ಸರ್ ಅದನ್ನು ನಿಜವಾಗಿಯೂ ಹೇಳಬಹುದು. ಡಿಎಚ್‌ಟಿ22 ಅನ್ನುವ ಇನ್ನೊಂದು ಸೆನ್ಸರಿನ ಜನಪ್ರಿಯ ಲೈಬ್ರರಿ, ಓದಲು ಆಗದಿದ್ದರೆ 'ನ್ಯಾನ್' ಅನ್ನುತ್ತೆ. 'ಇದು ಸಂಖ್ಯೆ ಅಲ್ಲ' ಅಂತ ಅದರ ಅರ್ಥ.

ಈ ನ್ಯಾನ್ ನನಗೆ ಬಹಳ ಇಷ್ಟವಾದ ವಸ್ತು. 1985ರಲ್ಲಿ ದಶಾಂಶ ಸಂಖ್ಯೆಗಳ ಲೆಕ್ಕಕ್ಕೆ ಐಇಇಇ 754 ಅನ್ನೋ ಪ್ರಮಾಣ ಬಂತು. ನಿಮ್ಮ ಲ್ಯಾಪ್‌ಟಾಪ್, ಮೊಬೈಲ್ ಎಲ್ಲದರೊಳಗೂ ಅದೇ ಇರೋದು. ಅದರಲ್ಲಿ ನ್ಯಾನ್‌ಗೆ ಒಂದು ವಿಚಿತ್ರ ಗುಣ ಇದೆ: ಅದು ತನಗೆ ತಾನೇ ಸಮ ಅಲ್ಲ. ಎರಡು ನ್ಯಾನ್‌ಗಳನ್ನು ಹೋಲಿಸಿದರೆ 'ಬೇರೆ ಬೇರೆ' ಅನ್ನುತ್ತೆ. ಯೋಚನೆ ಮಾಡಿ ನೋಡಿ, ಎಷ್ಟು ನ್ಯಾಯವಾಗಿದೆ. ನನಗೆ ಗೊತ್ತಿಲ್ಲದ್ದೂ ನಿಮಗೆ ಗೊತ್ತಿಲ್ಲದ್ದೂ ಒಂದೇ ಅಂತ ಹೇಳೋಕೆ ಯಾರಿಗೆ ಅಧಿಕಾರ? ಇನ್ನೊಂದು ಗುಣ: ನ್ಯಾನ್ ಜೊತೆ ಏನನ್ನು ಕೂಡಿಸಿದರೂ ಬರೋದು ನ್ಯಾನೇ. ಒಂದು ಕಡೆ 'ಗೊತ್ತಿಲ್ಲ' ಸೇರಿಕೊಂಡರೆ ಮೊತ್ತವೂ 'ಗೊತ್ತಿಲ್ಲ'. ಕಂಪ್ಯೂಟರಿಗೆ 'ನಾ ಊರಾಗ ಇರಲಿಲ್ರೀ' ಅನ್ನೋದನ್ನು ಕಲಿಸಿದವರು ಇವರು.

ಇಲ್ಲಿಯವರೆಗೆ ಎಲ್ಲ ಸರಿ. ತೊಂದರೆ ಶುರುವಾಗೋದು ಇದರ ಮುಂದಿನ ಮೆಟ್ಟಿಲಲ್ಲಿ. ಹದಿನೈದು ನಿಮಿಷದ ಅಂಕಿಗಳನ್ನು ಕೂಡಿಸಿ ದಿನದ ಮಳೆ ಲೆಕ್ಕ ಹಾಕಬೇಕು. ಅದಕ್ಕೆ ಹೆಚ್ಚಿನವರು ಪಾಂಡಾಸ್ ಅನ್ನೋ ಲೈಬ್ರರಿ ಬಳಸ್ತಾರೆ. 2017ರ ಡಿಸೆಂಬರಿನಲ್ಲಿ ಬಂದ ಅದರ 0.22 ಆವೃತ್ತಿಯಿಂದ ಒಂದು ನಿಯಮ ಗಟ್ಟಿಯಾಯಿತು: ಬರೀ ನ್ಯಾನ್‌ಗಳೇ ಇರುವ ಪಟ್ಟಿಯನ್ನು ಕೂಡಿಸಿದರೆ ಬರುವ ಮೊತ್ತ ಸೊನ್ನೆ. ಇದಕ್ಕೆ ಗಣಿತದ ಕಾರಣ ಇದೆ. ಏನೂ ಇಲ್ಲದ ಗುಂಪಿನ ಮೊತ್ತ ಸೊನ್ನೆ ಅನ್ನೋದು ಹಳೇ ಒಪ್ಪಂದ. ಬೇಡ ಅನ್ನುವವರಿಗೆ ಕನಿಷ್ಠ ಒಂದಾದರೂ ನಿಜವಾದ ಅಂಕಿ ಇರಲೇಬೇಕು ಅಂತ ಹೇಳುವ ಆಯ್ಕೆಯನ್ನೂ ಅವರು ಕೊಟ್ಟಿದ್ದಾರೆ. ಆದರೆ ನಾವು ಏನೂ ಹೇಳದಿದ್ದರೆ ಬರೋದು ಸೊನ್ನೆ.

ಈಗ ನಮ್ಮ ಹೊಲದ ಮಾಪಕ ಒಂದು ಇಡೀ ದಿನ ಸತ್ತುಹೋಗಿತ್ತು ಅಂದುಕೊಳ್ಳಿ. ತಾಪಮಾನಕ್ಕೆ ನಾವು ಸರಾಸರಿ ತೆಗೀತೀವಿ, ಏನೂ ಇಲ್ಲದ್ದರ ಸರಾಸರಿ ಇಲ್ಲವಾದ್ದರಿಂದ ಆ ಕಾಲಂ ಖಾಲಿ. ಮಳೆಗೆ ಮೊತ್ತ ತೆಗೀತೀವಿ, ಹಾಗಾಗಿ ಆ ಕಾಲಂನಲ್ಲಿ 0.0 ಮಿ.ಮೀ. ಅದೇ ದಿನ, ಅದೇ ಸತ್ತ ಮಾಪಕ. ಒಂದು ಕಾಲಂ 'ನಾ ಊರಾಗ ಇರಲಿಲ್ರೀ' ಅನ್ನುತ್ತೆ, ಪಕ್ಕದ ಕಾಲಂ 'ಮಳಿ ಆಗಿಲ್ರೀ' ಅನ್ನುತ್ತೆ. ಯಾರೂ ಸುಳ್ಳು ಬರೆದಿಲ್ಲ. ಪ್ರತಿ ಲೈಬ್ರರಿಯೂ ತನ್ನ ಕೈಪಿಡಿಯಲ್ಲಿ ಹೇಳಿದ್ದನ್ನೇ ಮಾಡಿದೆ. ಆದರೂ ಕೊನೆಗೆ ಪರದೆಯ ಮೇಲೆ ಕೂತಿರೋದು ಸುಳ್ಳು.

ಒಂದು ಹೊಲದ ಸೊನ್ನೆಯಿಂದ ಏನು ಮುಳುಗಿಹೋಗುತ್ತೆ ಅಂತ ನೀವು ಕೇಳಬಹುದು. ಹೊಲ ಬಿಟ್ಟು ಹೊಳೆ ನೋಡಿ. ಮಲಪ್ರಭೆ ಹುಟ್ಟೋದು ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ, ಘಟ್ಟದ ಮಳೆಯಲ್ಲಿ. ಅಲ್ಲಿಂದ ಎಂ.ಕೆ. ಹುಬ್ಬಳ್ಳಿಯಲ್ಲಿ ಗಂಗಾಂಬಿಕೆಯ ಐಕ್ಯಸ್ಥಳವನ್ನು ಮುಟ್ಟಿ, ಕಿತ್ತೂರು, ಬೈಲಹೊಂಗಲ ತಾಲ್ಲೂಕುಗಳನ್ನು ಹಾದು, ಸವದತ್ತಿಯ ನವಿಲುತೀರ್ಥದಲ್ಲಿ ರೇಣುಕಾಸಾಗರವಾಗಿ ನಿಲ್ಲುತ್ತದೆ. 37.73 ಟಿಎಂಸಿ ಹಿಡಿಯುವ ಅಣೆಕಟ್ಟು ಅದು. ಅಲ್ಲಿಂದ ಬಿಟ್ಟ ನೀರು ರಾಮದುರ್ಗದ ಕಡೆ ಹೋಗುತ್ತೆ. ಕಿತ್ತೂರಿನ ಪಶ್ಚಿಮಕ್ಕೆ ಮಲೆನಾಡಿನ ಸೆರಗು, ರಾಮದುರ್ಗದ ಕಡೆ ಹೋದಂತೆಲ್ಲ ಒಣ ಬಯಲು. ಹಾಗಾಗಿ ರಾಮದುರ್ಗದಲ್ಲಿ ಆಕಾಶ ಬಿಳಿಚಿಕೊಂಡಿದ್ದಾಗಲೂ ಹೊಳೆ ತುಂಬಿ ಬರಬಹುದು. ದಂಡೆಯ ಮೇಲಿನ ಮನೆಯವರಿಗೆ ತಮ್ಮ ತಲೆಯ ಮೇಲಿನ ಮೋಡಕ್ಕಿಂತ ಖಾನಾಪುರದ ಅಂಕಿ ಮುಖ್ಯ. 2019ರ ಆಗಸ್ಟಿನಲ್ಲಿ ರಾಮದುರ್ಗ ತಾಲ್ಲೂಕಿನ ಹೊಳೆಸಾಲಿನ ಹಳ್ಳಿಗಳಿಗೆ ನೀರು ನುಗ್ಗಿದ್ದು, ಕೆಳಗೆ ಪಟ್ಟದಕಲ್ಲಿನ ಗುಡಿಗಳ ಆವರಣದವರೆಗೂ ಬಂದಿದ್ದು ನಿಮಗೆ ನೆನಪಿರಬಹುದು. ಆ ನೆರೆಗೆ ಯಾವುದೋ ಸೆನ್ಸರ್ ಕಾರಣ ಅಂತ ನಾನು ಹೇಳ್ತಾ ಇಲ್ಲ. ಮೇಲೆ ಎಷ್ಟು ಮಳೆ ಅನ್ನೋ ಅಂಕಿ ಕೆಳಗಿನವರ ಪಾಲಿಗೆ ಎಂಥದ್ದು ಅನ್ನೋದಕ್ಕೆ ಹೇಳಿದೆ.

ನಮ್ಮ ರಾಜ್ಯ ಈ ವಿಷಯದಲ್ಲಿ ಹಿಂದೆ ಬಿದ್ದಿಲ್ಲ ಅನ್ನೋದನ್ನೂ ಹೇಳಬೇಕು. ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ ಗ್ರಾಮ ಪಂಚಾಯಿತಿಗೊಂದರಂತೆ 6000ಕ್ಕೂ ಹೆಚ್ಚು ಮಳೆ ಮಾಪಕಗಳನ್ನು ಹಾಕಿದೆ. ಸೋಲಾರ್‌ನಿಂದ ನಡೆದು, ಮೊಬೈಲ್ ನೆಟ್‌ವರ್ಕಿನಲ್ಲಿ ಹದಿನೈದು ನಿಮಿಷಕ್ಕೊಮ್ಮೆ ಅಂಕಿ ಕಳಿಸುವ ಮಾಪಕಗಳು. ಒಂದು ಕಾಲದಲ್ಲಿ ತಹಶೀಲ್ದಾರ್ ಕಚೇರಿಯ ಅಂಗಳದ ಒಂದೇ ಮಾಪಕ ಇಡೀ ತಾಲ್ಲೂಕಿನ ಮಳೆ ಹೇಳುತ್ತಿದ್ದುದಕ್ಕೆ ಹೋಲಿಸಿದರೆ ಇದು ದೊಡ್ಡ ಜಿಗಿತ. ಅಂಕಿ ಹೆಚ್ಚಾದಷ್ಟೂ ಅದರ ಮೇಲೆ ನಿಲ್ಲುವ ತೀರ್ಮಾನಗಳೂ ಹೆಚ್ಚು. ಹವಾಮಾನ ಇಲಾಖೆಯ ಲೆಕ್ಕದಲ್ಲಿ 2.5 ಮಿ.ಮೀ. ಆದರೆ ಅದು 'ಮಳೆ ದಿನ', ಅದಕ್ಕಿಂತ ಕಡಿಮೆಯಾದರೆ ಅಲ್ಲ. ಎಷ್ಟು ವಾರ ಮಳೆ ಇಲ್ಲ ಅನ್ನೋದು ಬರ ಘೋಷಣೆಯಲ್ಲಿ ಲೆಕ್ಕಕ್ಕೆ ಬರುತ್ತೆ. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳಲ್ಲಿ 223 ಬರಪೀಡಿತ ಅಂತ ಘೋಷಣೆಯಾದವು. ಹವಾಮಾನ ಆಧಾರಿತ ಬೆಳೆ ವಿಮೆಯಲ್ಲಂತೂ ಪರಿಹಾರ ತೀರ್ಮಾನ ಆಗೋದು ನಿಮ್ಮ ಹೊಲ ನೋಡಿ ಅಲ್ಲ, ಮಾಪಕದ ಅಂಕಿ ನೋಡಿ. ಇಂಥ ಕಡೆಗಳಲ್ಲಿ ಸೊನ್ನೆಗೂ ಖಾಲಿ ಜಾಗಕ್ಕೂ ಇರುವ ವ್ಯತ್ಯಾಸ ಒಂದು ಮನೆಯ ವರ್ಷದ ಗಂಜಿ.

ಇನ್ನೊಂದು ವಿಷಯ, ನನಗೆ ಎಲ್ಲಕ್ಕಿಂತ ಮುಖ್ಯ ಅನ್ನಿಸಿದ್ದು. ಅಂಕಿ ಎಂದಾದರೊಂದು ದಿನ ತಪ್ಪಿಹೋಗುತ್ತೆ, ಸರಾಸರಿಯಲ್ಲಿ ಎಲ್ಲ ಸರಿಹೋಗುತ್ತೆ ಅಂತ ನಾವು ಇಂಜಿನಿಯರುಗಳು ಅಂದುಕೊಳ್ತೀವಿ. ಹಾಗಲ್ಲ. ನಮ್ಮ ಹೊಲದ ಮಾಪಕ ಯಾವಾಗ ಮೂಕಾಗುತ್ತೆ ಅಂತ ಎರಡು ಮಳೆಗಾಲ ಬರೆದಿಟ್ಟೆ. ನಾಲ್ಕೈದು ದಿನ ಬಿಸಿಲು ಕಾಣದೆ ಬ್ಯಾಟರಿ ಇಳಿದಾಗ. ಕನೆಕ್ಟರಿನೊಳಗೆ ನೀರು ಹೋದಾಗ. ಗಾಳಿಗೆ ಆಂಟೆನಾ ವಾಲಿದಾಗ. ಊರಲ್ಲಿ ಕರೆಂಟ್ ಹೋಗಿ ಡೆಸ್ಕ್‌ಟಾಪೇ ಮಲಗಿದಾಗ. ಇವೆಲ್ಲ ಆಗೋದು ಯಾವಾಗ? ಜೋರು ಮಳೆ ಹಿಡಿದಾಗಲೇ. ಏಪ್ರಿಲ್ ತಿಂಗಳ ಸುಡು ಬಿಸಿಲಲ್ಲಿ, ಹೇಳೋದಕ್ಕೆ ಏನೂ ಇಲ್ಲದಾಗ, ಅದು ಒಂದು ಸಂದೇಶವನ್ನೂ ತಪ್ಪಿಸುವುದಿಲ್ಲ, ಬಹಳ ಶಿಸ್ತು. ಅಂದರೆ ಮೌನ ಬರೋದು ಸುದ್ದಿ ಇರುವಾಗ. ಅಂಥ ಮೌನವನ್ನು ಸೊನ್ನೆ ಅಂತ ಓದುವ ಪ್ರೋಗ್ರಾಮ್ ಅಲ್ಲೊಂದು ಇಲ್ಲೊಂದು ತಪ್ಪು ಮಾಡುವುದಿಲ್ಲ. ಸರಿಯಾಗಿ ಬೇಡದ ಹೊತ್ತಿಗೇ, ಸರಿಯಾಗಿ ತಿರುವಾಗಿಯೇ ಹೇಳುತ್ತೆ.

ಇದಕ್ಕೆ ಎದುರು ವಾದಗಳಿವೆ. ನಾನು ಕೆಲಸ ಮಾಡಿದ ಒಂದು ಕಂಪನಿಯಲ್ಲಿ ಪಂಪುಗಳ ನೀರಿನ ಹರಿವು ತೋರಿಸುವ ಡ್ಯಾಶ್‌ಬೋರ್ಡ್ ಮಾಡ್ತಿದ್ವಿ. ಸೆನ್ಸರ್ ಮಾತಾಡದಿದ್ದಾಗ ಆ ಜಾಗ ಖಾಲಿ ಬಿಡಬೇಕು ಅಂತ ನನ್ನ ವಾದ. ಮ್ಯಾನೇಜರ್ ಹೇಳಿದ್ದು: "ಖಾಲಿ ಬಿಟ್ರೆ ನಮ್ಮ ಪ್ರಾಡಕ್ಟ್ ಕೆಟ್ಟಿದೆ ಅಂತ ಕಸ್ಟಮರ್ ಅಂದ್ಕೋತಾರೆ. ಸೊನ್ನೆ ಹಾಕಿ, ನೀಟಾಗಿ ಕಾಣುತ್ತೆ." ಕೊನೆಗೆ ರಾಜಿಯಾಗಿ ಬಂದದ್ದು ಇನ್ನೊಂದು ಉಪಾಯ, ಕೊನೆಯ ಸಲ ಬಂದ ಅಂಕಿಯನ್ನೇ ತೋರಿಸೋದು. ನಿನ್ನೆಯ ಸುದ್ದಿ ಇವತ್ತಿನ ಅಂಗಿ ತೊಟ್ಟುಕೊಂಡು ನಿಂತಿತು. ಪಂಪ್ ನಿಂತು ಆರು ಗಂಟೆಯಾದರೂ ಪರದೆಯ ಮೇಲೆ ನೀರು ಹರೀತಾನೇ ಇತ್ತು. ಆ ಮ್ಯಾನೇಜರ್ ಕೆಟ್ಟವರಲ್ಲ. ಅವರಿಗೆ ಖಾಲಿ ಜಾಗ ಅವಮಾನದ ಹಾಗೆ ಕಾಣುತ್ತಿತ್ತು. ನಮ್ಮ ಆಫೀಸುಗಳಲ್ಲಿ 'ಗೊತ್ತಿಲ್ಲ' ಅಂತ ಹೇಳಿದವರಿಗೆ ಆಗುವ ಅವಮಾನವೇ ಅದು. ಸ್ಟೇಟಸ್ ಮೀಟಿಂಗಿನಲ್ಲಿ ನಾವು ಹೇಗೆ ಮಾತಾಡ್ತೀವೋ, ನಮ್ಮ ಸಾಫ್ಟ್‌ವೇರಿಗೂ ಹಾಗೇ ಮಾತಾಡೋದು ಕಲಿಸ್ತೀವಿ.

ಎರಡನೇ ವಾದ ಇದಕ್ಕಿಂತ ಗಟ್ಟಿ. ಅಣೆಕಟ್ಟಿನ ಗೇಟಿನ ಹತ್ತಿರ ನಿಂತ ಇಂಜಿನಿಯರಿಗೆ ಒಂದು ತೀರ್ಮಾನ ಬೇಕೇ ಬೇಕು. ಅವರಿಗೆ 'ಗೊತ್ತಿಲ್ಲ' ಅಂತ ಹತ್ತು ಸಲ ಹೇಳಿದರೆ ಏನು ಮಾಡಬೇಕು? ನಿಜ, ಗೊತ್ತಿಲ್ಲದೆಯೂ ತೀರ್ಮಾನ ಮಾಡಬೇಕಾಗುತ್ತೆ. ಆದರೆ ತನಗೆ ಗೊತ್ತಿಲ್ಲ ಅಂತ ಗೊತ್ತಿದ್ದು ಮಾಡುವ ತೀರ್ಮಾನವೇ ಬೇರೆ. ಆಗ ಒಂದು ಫೋನ್ ಮಾಡ್ತಾರೆ, ಪಕ್ಕದ ಮಾಪಕ ನೋಡ್ತಾರೆ, ಕೈ ಸ್ವಲ್ಪ ಬಿಗಿ ಹಿಡೀತಾರೆ. ಸೊನ್ನೆ ನೋಡಿದವರು ಇದ್ಯಾವುದನ್ನೂ ಮಾಡುವುದಿಲ್ಲ, ಯಾಕೆ ಮಾಡಬೇಕು?

ಮೂರನೆಯದು: ಅನುಮಾನ ಬಂದ ಅಂಕಿಯನ್ನೆಲ್ಲ 'ಗೊತ್ತಿಲ್ಲ' ಅಂತ ತಳ್ಳಿದರೆ ನಿಜವೂ ತಪ್ಪಿಹೋಗಲ್ವಾ? ಹೋಗುತ್ತೆ. ಅದಕ್ಕೆ ದೊಡ್ಡ ಉದಾಹರಣೆ ಓಜೋನ್ ರಂಧ್ರ. 1978ರಲ್ಲಿ ಹಾರಿದ ನಿಂಬಸ್-7 ಉಪಗ್ರಹ ಭೂಮಿಯ ಓಜೋನ್ ಅಳೆಯುತ್ತಿತ್ತು. ತೀರಾ ಕಡಿಮೆ, ಅಂದರೆ 180ಕ್ಕಿಂತ ಕೆಳಗಿನ ಅಳತೆ ಬಂದರೆ ಅನುಮಾನದ್ದು ಅಂತ ಅದರ ಸಾಫ್ಟ್‌ವೇರ್ ಗುರುತು ಹಾಕುತ್ತಿತ್ತು. 1985ರ ಮೇ ತಿಂಗಳಲ್ಲಿ ಅಂಟಾರ್ಕ್ಟಿಕಾದ ನೆಲದ ಮೇಲಿನ ಉಪಕರಣದಿಂದ ಅಳೆದ ಬ್ರಿಟಿಷ್ ವಿಜ್ಞಾನಿಗಳಾದ ಫಾರ್ಮನ್, ಗಾರ್ಡಿನರ್, ಶಾಂಕ್ಲಿನ್ ಓಜೋನ್ ಕುಸಿದಿರುವ ಸುದ್ದಿಯನ್ನು ಮೊದಲು ಪ್ರಕಟಿಸಿದರು. ಉಪಗ್ರಹದ ಅಂಕಿಗಳನ್ನು ಕಂಪ್ಯೂಟರ್ ಎಸೆದುಬಿಟ್ಟಿತ್ತು ಅಂತ ಕತೆ ಹೇಳೋದುಂಟು. ಎಸೆದಿರಲಿಲ್ಲ, ಗುರುತು ಹಾಕಿ ಇಟ್ಟಿತ್ತು. ಇಟ್ಟಿದ್ದರಿಂದಲೇ ಆಮೇಲೆ ತಿರುಗಿ ನೋಡಿ ಇಡೀ ರಂಧ್ರದ ನಕ್ಷೆ ಮಾಡಲು ಸಾಧ್ಯವಾಯಿತು. 'ಇದು ನನಗೆ ಅನುಮಾನ' ಅಂತ ಹೇಳಿ ಇಟ್ಟುಕೊಳ್ಳೋದು ಬೇರೆ, ಅದರ ಜಾಗದಲ್ಲಿ ಬೇರೆ ಅಂಕಿ ಬರೆಯೋದು ಬೇರೆ. ಮೊದಲನೆಯದರಲ್ಲಿ ತಪ್ಪಿದ್ದರೆ ತಿದ್ದಬಹುದು.

ನಾಲ್ಕನೇ ವಾದ ನಮ್ಮ ಕಾಕಾನದು. ವಿಮೆಯ ಮಾತು ಬಂದಾಗ ಎಲೆ-ಅಡಿಕೆ ಅಗಿಯುತ್ತ ಕೇಳಿದರು: "ಅಲ್ಲೋ ತಮ್ಮಾ, ಸೊನ್ನಿ ಬಂದ್ರ ನಮಗ ಛಲೋನ ಅಲ್ಲೇನು? ಮಳಿ ಆಗಿಲ್ಲ ಅಂತ ಆತು, ರೊಕ್ಕ ಬಂತು. ಅದನ್ನ್ಯಾಕ ನೀ ಸರಿ ಮಾಡಾಕ ಹೊಂಟಿ?"

ನಾನಂದೆ: "ಕಾಕಾ, ಮಳಿ ಹೆಚ್ಚಾಗಿ ಬೆಳಿ ಕೊಳತ ಹೋದ ವರ್ಷ ಅದ ಸೊನ್ನಿ ಬಂದ್ರ?"

ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಹೇಳಿದರು: "ಹಂಗಾರ ಅದು ನಮ್ಮ ಸೊನ್ನಿ ಅಲ್ಲ ಬಿಡು. ಇವತ್ತ ನಮ್ಮ ಕಡೆ, ನಾಳೆ ಅವರ ಕಡೆ. ಜೂಜು ಆತು ಅದು."

ಸುಳ್ಳು ಸೊನ್ನೆಯಿಂದ ಕೆಲವು ಸಲ ಬಡವನಿಗೇ ಲಾಭ ಆಗುತ್ತೆ ಅನ್ನೋದನ್ನು ನಾನು ಅಲ್ಲಗಳೆಯಲ್ಲ. ಆದರೆ ಪರಿಹಾರ ಹಕ್ಕಾಗಿ ಬರಬೇಕು, ಬ್ಯಾಟರಿ ಸತ್ತಿದ್ದಕ್ಕೆ ಬರಬಾರದು. ಬ್ಯಾಟರಿ ಸತ್ತಿದ್ದಕ್ಕೆ ಬಂದದ್ದು, ಬ್ಯಾಟರಿ ಸತ್ತಿದ್ದಕ್ಕೇ ತಪ್ಪಿಯೂ ಹೋಗುತ್ತೆ.

ಹಾಗಾದರೆ ಆ ಸುಳ್ಳು ಯಾರದು? ಲೈಬ್ರರಿ ಬರೆದವರದಾ? ಈ ಲೈಬ್ರರಿಗಳಲ್ಲಿ ಹೆಚ್ಚಿನವು ಯಾರೋ ರಾತ್ರಿ ಊಟ ಆದಮೇಲೆ ಸಂಬಳ ಇಲ್ಲದೆ ಬರೆದವು. 2012ರ ಸುಮಾರಿಗೆ, ಟಿವಿ ನೋಡಲು ಮಾಡಿದ ಅಗ್ಗದ ಯುಎಸ್‌ಬಿ ಕಡ್ಡಿಯೊಳಗಿನ ಚಿಪ್, ಗಾಳಿಯಲ್ಲಿನ ಸಿಗ್ನಲ್ಲನ್ನು ಹಸಿಹಸಿಯಾಗಿ ಕಂಪ್ಯೂಟರಿಗೆ ಕೊಡಬಲ್ಲದು ಅಂತ ಕೆಲವು ಹವ್ಯಾಸಿಗಳು ಕಂಡುಹಿಡಿದರು. ಆರ್‌ಟಿಎಲ್-ಎಸ್‌ಡಿಆರ್ ಅಂತ ಅದರ ಹೆಸರು. ಅವರು ಬಿಟ್ಟುಕೊಟ್ಟ ಲೈಬ್ರರಿಯಿಂದ, ಲಕ್ಷಗಟ್ಟಲೆ ಬೆಲೆಯ ಉಪಕರಣಗಳು ಮಾಡುತ್ತಿದ್ದ ಕೆಲಸದ ಒಂದು ಪಾಲನ್ನು ನನ್ನಂಥವರು ಮನೆಯಲ್ಲಿ ಕೂತು ಮಾಡುವಂತಾಯಿತು. ಇಂಥ ಲೈಬ್ರರಿಗಳ ಲೈಸೆನ್ಸಿನಲ್ಲಿ ಒಂದು ಮಾತು ಸಾಮಾನ್ಯ: ಇದು ಇದ್ದ ಹಾಗೆ ಇದೆ, ಯಾವ ಖಾತರಿಯೂ ಇಲ್ಲ. ಜಾರಿಕೊಳ್ಳುವ ಮಾತು ಅಂತ ಮೊದಲು ನನಗೆ ಅನ್ನಿಸುತ್ತಿತ್ತು. ಈಗ ಹಾಗನ್ನಿಸಲ್ಲ. ನೀನು ಇದನ್ನು ಎಲ್ಲಿ ಬಳಸ್ತೀಯ ಅಂತ ನನಗೆ ಗೊತ್ತಿಲ್ಲ ಅನ್ನೋದನ್ನು ಅವರು ಪ್ರಾಮಾಣಿಕವಾಗಿ ಬರೆದಿಟ್ಟಿದ್ದಾರೆ. ಎಲ್ಲೋ ಯುರೋಪಿನಲ್ಲಿ ಕೂತವರಿಗೆ ರಾಮದುರ್ಗದ ಹೊಳೆಸಾಲು ಗೊತ್ತಿರಬೇಕು ಅನ್ನೋದು ನ್ಯಾಯವಲ್ಲ.

ರಾಮದುರ್ಗದ ಹೊಳೆಸಾಲಿನವರಿಗೋ, ಪಾಂಡಾಸ್‌ನ ಮೊತ್ತದ ನಿಯಮ ಗೊತ್ತಿರಲ್ಲ. ಗೊತ್ತಿರಬೇಕಾದ್ದೂ ಇಲ್ಲ. ಅವರಿಗೆ ಕಾಣೋದು 0.0 ಅಷ್ಟೇ.

ಎರಡೂ ತುದಿ ಕಾಣೋದು ನಡುವೆ ಇರೋರಿಗೆ ಮಾತ್ರ. ಅದು ನಾವು. ಹಳ್ಳಿಯಲ್ಲಿ ಹುಟ್ಟಿ, ಬಿಇ ಮುಗಿಸಿ, ಹೈವೇ ಹಿಡಿದು ಬೆಂಗಳೂರಿಗೆ ಬಂದು ಕೂತಿರೋ ನನ್ನಂಥ ಸಾವಿರಾರು ಜನ. ಖಾಲಿ ಬೈಟುಗಳು ಬಂದರೆ ಏನರ್ಥ ಅನ್ನೋದೂ ನಮಗೆ ಗೊತ್ತು, ಹಸಿ ಆರಿಹೋದರೆ ಏನರ್ಥ ಅನ್ನೋದೂ ಗೊತ್ತು. ಹಳ್ಳಿಯವರೇ ಆಗಬೇಕಿಲ್ಲ. ನೀವು ಆಸ್ಪತ್ರೆಯ ಮಾನಿಟರಿಗೋ, ಬ್ಯಾಂಕಿನ ವರದಿಗೋ ಕೋಡ್ ಬರೆಯುವವರಾಗಿದ್ದರೂ, ಒಂದು ತುದಿಯಲ್ಲಿ ಯಂತ್ರದ ಮೌನ, ಇನ್ನೊಂದು ತುದಿಯಲ್ಲಿ ಒಬ್ಬ ಮನುಷ್ಯ, ನಡುವೆ ನೀವು. ಹೊಣೆ ಬರೋದು ಸಂಬಳದಿಂದಲೋ ಹುದ್ದೆಯಿಂದಲೋ ಅಲ್ಲ, ತಿಳಿವಳಿಕೆಯಿಂದ ಅಂತ ನನಗನ್ನಿಸುತ್ತೆ. ಎರಡೂ ಭಾಷೆ ಬಲ್ಲ ದುಭಾಷಿಗೆ, ಕೇಳಿಸದ ಮಾತನ್ನು 'ಇಲ್ಲ' ಅಂತ ದಾಟಿಸುವ ಹಕ್ಕಿಲ್ಲ.

ಇದಕ್ಕೆ ದೊಡ್ಡ ತಪಸ್ಸೇನೂ ಬೇಡ. ಪ್ರತಿ ಅಂಕಿಯ ಜೊತೆ ಅದು ಯಾವಾಗಿನದು ಅಂತ ಬರೆಯಿರಿ. ಮಳೆ ಇರಲಿ ಬಿಡಲಿ, 'ನಾನು ಇದ್ದೀನಿ' ಅಂತ ಆಗಾಗ ಹೇಳುವುದನ್ನು ಸೆನ್ಸರಿಗೆ ಕಲಿಸಿ. ಆಗ ಸೊನ್ನೆಗೆ ಬೆಲೆ ಬರುತ್ತೆ, ಯಾಕೆಂದರೆ ಅದು ಊರಲ್ಲಿದ್ದವನ ಸೊನ್ನೆ. 'ಈ ಹದಿನೈದು ನಿಮಿಷದಲ್ಲಿ ಎಷ್ಟು ಟಕ್' ಅನ್ನುವ ಬದಲು 'ಶುರುವಿನಿಂದ ಒಟ್ಟು ಎಷ್ಟು ಟಕ್' ಅಂತ ಕಳಿಸಿ. ನಡುವೆ ಹತ್ತು ಸಂದೇಶ ತಪ್ಪಿದರೂ, ಎಣಿಸುವ ಚಿಪ್ಪಿಗೆ ಜೀವ ಇದ್ದಷ್ಟು ಕಾಲ ಹನ್ನೊಂದನೆಯದರಲ್ಲಿ ಒಟ್ಟು ಮಳೆ ಸಿಕ್ಕೇ ಸಿಗುತ್ತೆ. ಯಾವ ಹೊತ್ತಿಗೆ ಬಿತ್ತು ಅಂತ ಗೊತ್ತಾಗಲ್ಲ, ಎಷ್ಟು ಬಿತ್ತು ಅಂತ ಗೊತ್ತಾಗುತ್ತೆ. ಕೂಡಿಸುವಾಗ ಕನಿಷ್ಠ ಎಷ್ಟು ಅಂಕಿ ಇರಬೇಕು ಅಂತ ಲೈಬ್ರರಿಗೆ ಹೇಳಿ. ಒಂದು ಸಾಲಿನ ಕೆಲಸ. ಕೊನೆಯದು ಕಷ್ಟದ್ದು: ಪರದೆಯ ಮೇಲೆ ಖಾಲಿ ಜಾಗ ಖಾಲಿಯಾಗಿಯೇ ಇರಲಿ ಅಂತ ಮೀಟಿಂಗಿನಲ್ಲಿ ಹಟ ಹಿಡಿಯಿರಿ.

ನಮ್ಮ ಊರಿನ ಡೆಸ್ಕ್‌ಟಾಪಿನಲ್ಲಿ ಮಾಪಕ ಮಾತಾಡದ ಹೊತ್ತಿಗೆ ಗೆರೆ ಅಲ್ಲಲ್ಲೇ ಕಡಿದುಹೋಗುತ್ತೆ, ಕೆಳಗೆ ಒಂದು ಅಡ್ಡಗೀಟು ಬರುತ್ತೆ. ಕಳೆದ ಜುಲೈನಲ್ಲಿ ಒಂದು ಬೆಳಿಗ್ಗೆ ಅಪ್ಪ ಫೋನ್ ಮಾಡಿದ್ದರು.

"ಗೆರಿ ಯಾಕ ಕಡದೈತಿ?"

"ರಾತ್ರಿಯಿಂದ ಸುದ್ದಿ ಬಂದಿಲ್ಲಪ್ಪಾ. ಮಳಿ ಆಗೇತೋ ಇಲ್ಲೋ ಗೊತ್ತಿಲ್ಲ."

"ಸೊನ್ನಿ ಅಂತ ಬರದಿದ್ರ ನಾ ಇಲ್ಲೇ ಚಾ ಕುಡಕೋತ ಕೂಡತಿದ್ನೆಪಾ," ಅಂದರು. "ಇರು, ಹೋಗಿ ನೋಡೇ ಬರತೇನಿ."

ಫೋನ್ ಇಡೋ ಮೊದಲು, ಕೊಡೆ ಎಲ್ಲಿಟ್ಟಿದೀ ಅಂತ ಅವ್ವನನ್ನು ಕೇಳೋದು ಕೇಳಿಸಿತು.